ಚುಕ್ಕಿಯ ಆಚೆ

ಸೆಬು ನಗರದಲ್ಲಿ ರಾತ್ರಿ ಮೂರು.
ಹನ್ನೊಂದನೇ ಮಹಡಿಯಲ್ಲಿ ಏ.ಸಿ.ಗೆ ಮಾತ್ರ ಪೂರ್ತಿ ಎಚ್ಚರ.
ಜೋವೆಲಿನ್ ತಾಬಾನಾವ್ ಸ್ವೆಟರಿನ ತೋಳು ಬೆರಳಿನವರೆಗೆ ಎಳೆದು
ಇನ್ನೊಂದು ಫೈಲು ತೆರೆಯುತ್ತಾಳೆ.
ಡುಲೂತ್ ಎಂಬ ಊರಿನ ಹೆಂಗಸು, ಐವತ್ತೆಂಟು,
ಶಾಲೆಯ ಬಸ್ಸು ಓಡಿಸುತ್ತಾಳೆ.
ಅಲ್ಲಿ ಇನ್ನೂ ನಿನ್ನೆಯ ಮಧ್ಯಾಹ್ನ.

ಪಾದದ ಗಂಟಿನ ಸುತ್ತ ನೇರಳೆ ಬಲೆ, ಎಂದು ಬರೆದಿದ್ದಾರೆ ಡಾಕ್ಟರು.
ಬೇಸಿಗೆಯಲ್ಲಿ ಹುಣ್ಣು. ಮಾಗಿದ ಕಡೆ ಬಿಳಿ ಕಲೆ,
ಚುಕ್ಕಿ ಚುಕ್ಕಿ.
ಬ್ರೇಕು ಒತ್ತುವಾಗ ನೋವು.
ಕೊನೆಗೆ ಒಂದೇ ಸಾಲು:
ಬಹುಶಃ ರಕ್ತನಾಳದ ಉರಿಯೂತ.

ಬಹುಶಃ.
ಆ ಪದದ ಪಕ್ಕ ಕರ್ಸರು ಮಿಟುಕುತ್ತ ನಿಲ್ಲುತ್ತದೆ.
ಹೊರರೋಗಿಯ ಹಾಳೆಯಲ್ಲಿ ಬಹುಶಃಕ್ಕೆ ಕೋಡ್ ಇಲ್ಲ.
ಇರಬಹುದು, ಇದ್ದಂತಿದೆ, ಅಲ್ಲವೆನ್ನಲಾಗದು,
ಮನುಷ್ಯರು ಮನುಷ್ಯರಿಗೆ ಹೇಳುವ ಮುಕ್ಕಾಲು ಮಾತು
ಇಲ್ಲಿ ನಾಣ್ಯವಾಗಿ ನಡೆಯುವುದಿಲ್ಲ.
ಖಚಿತವಾಗುವ ತನಕ ಅದು ಬರೀ ದದ್ದು.
ಸೋಪು ಬದಲಿಸಿದ್ದಕ್ಕೂ ಅದೇ, ಸುಮ್ಮನೆ ತುರಿಸಿದ್ದಕ್ಕೂ ಅದೇ.

ಎಲ್ ಅಂದರೆ ಚರ್ಮ.
ತೊಂಬತ್ತೈದು ಅಂದರೆ ಒಳಗೆಲ್ಲೂ ಹೋಗದೆ
ಚರ್ಮದ ಮೇಲಷ್ಟೇ ಮುನಿಸಿಕೊಂಡ ನಾಳಗಳು.
ಅಲ್ಲಿಗೊಂದು ಚುಕ್ಕಿ.
ಚುಕ್ಕಿಯ ಆಚೆ ಸೊನ್ನೆ ಇದ್ದರೆ, ಬಲೆ.
ಒಂದು ಇದ್ದರೆ, ವರ್ಷಗಟ್ಟಲೆ ಇಳಿಯದ ಕೆಂಪು ಉಬ್ಬು.
ಎರಡರಿಂದ ಏಳರವರೆಗೆ ಯಾರೂ ಕೂತಿಲ್ಲ,
ಇನ್ನೂ ಹೆಸರಿಡದ ನೋವುಗಳಿಗೆ ಕಾದಿರಿಸಿದ ಕುರ್ಚಿಗಳು.
ಎಂಟು, ಇತರೆ.
ಒಂಬತ್ತು, ಯಾರೂ ಬಿಡಿಸಿ ಹೇಳದ್ದು.
ಅವಳಿಗೆ ಒಂಬತ್ತರ ಮೇಲೆ ಮೊದಲಿಂದಲೂ ಸಿಟ್ಟು.

"ದದ್ದು ಹಾಕಿ ಮುಂದೆ ಹೋಗು," ಅನ್ನುತ್ತಾನೆ ಕ್ರಿಸಾಂತೊ,
ಕಾಫಿ ಲೋಟ ಹಿಡಿದು ಹಿಂದಿನಿಂದ ಹಾಯುತ್ತ.
"ಗಂಟೆಗೆ ಹನ್ನೆರಡು. ನಿನ್ನದು ಒಂಬತ್ತಾಗಿದೆ."
ಒಂಬತ್ತು!

ಅವಳು ಡಾಕ್ಟರಿಗೆ ಪ್ರಶ್ನೆ ಬರೆಯತೊಡಗುತ್ತಾಳೆ.
ಅದಕ್ಕೂ ಕಟ್ಟಳೆಯಿದೆ:
ಉತ್ತರವನ್ನು ಬಾಯಿಗೆ ತುರುಕುವ ಪ್ರಶ್ನೆ ಕೇಳಕೂಡದು.
ಗೊತ್ತಿದ್ದರೂ ಗೊತ್ತಿಲ್ಲದವಳಂತೆ ಕೇಳಬೇಕು.
ಗೊತ್ತಿದೆ ಅವಳಿಗೆ. ಆ ಬಲೆಯ ಪಕ್ಕದಲ್ಲೇ
ಚಾಪೆ ಹಾಸಿ ಮಲಗಿ ಬೆಳೆದವಳು.

ಕಾರ್ಬನ್ ಮಾರ್ಕೆಟ್ಟಿನಲ್ಲಿ ಒಣಮೀನು ಮಾರುವ ಅಮ್ಮ
ಮೂವತ್ತು ವರ್ಷ ಒದ್ದೆ ಸಿಮೆಂಟಿನ ಮೇಲೆ ನಿಂತಳು.
ಮದ್ದಿನ ಮುದುಕ ಶುಂಠಿ ಜಜ್ಜಿ, ಊದಿ, ಹೇಳಿದ್ದ:
ಕಾಣದವರ ಗೂಡು ತುಳಿದಿದ್ದೀ, ದಾರಿ ಬಿಡಿ ಅಂತ ಕೇಳದೆ.
ಅವನ ಮಾತಿನಲ್ಲಿ ಬಹುಶಃ ಇರಲಿಲ್ಲ.
ಸರಕಾರಿ ಕ್ಲಿನಿಕ್ಕಿನ ದಪ್ಪ ರಿಜಿಸ್ಟರಿನಲ್ಲಿ
ನರ್ಸು ಬರೆದದ್ದು ಒಂದು ಪದ: ಚರ್ಮ.
ಮುಲಾಮಿನ ಟ್ಯೂಬು ಕೊಟ್ಟು ಕಳಿಸಿದಳು.

"ಮಾನ್ಯರೇ, ಎಡಗಾಲಿನ ಕಲೆಗಳ ಬಗ್ಗೆ ನಿಮ್ಮ ನಿರ್ಣಯವನ್ನು
ದಯವಿಟ್ಟು ಸ್ಪಷ್ಟಪಡಿಸಿ."
ಅಷ್ಟೇ. ಬಲೆ ಅನ್ನಲಿಲ್ಲ, ಅಮ್ಮ ಅನ್ನಲಿಲ್ಲ.
ಫೈಲಿನ ತಲೆಯ ಮೇಲೆ ಹಳದಿ ಪಟ್ಟಿ ಹತ್ತಿತು: ಕಾಯುತ್ತಿದೆ.

ಬೆಳಿಗ್ಗೆ ಜೀಪ್ನಿಯಲ್ಲಿ ಒಬ್ಬರ ಹೆಗಲ ಮೇಲೊಬ್ಬರು ತೂಗಿ
ಮನೆ ಮುಟ್ಟಿದಾಗ ಅಮ್ಮ ಬಕೆಟ್ಟಿನಲ್ಲಿ ಕಾಲಿಟ್ಟು
ಬಾಗಿಲಲ್ಲೇ ಕೂತಿದ್ದಾಳೆ.
ಬಿಳಿ ಚುಕ್ಕಿಗಳು ನೀರಿನಡಿ ಅಲುಗುತ್ತವೆ.
ಏಳಿದ್ದವು. ಎಂಟನೆಯದು ಹೊಸದು.

"ಏನದು, ಕಾಲನ್ನೇ ನೋಡ್ತೀ?"
ಸೊನ್ನೆ, ಎಂಬುದು ನಾಲಿಗೆಯ ತುದಿಗೆ ಬಂದು ಕೂತಿದೆ.
ಹೆಸರಿಡುವ ಅಧಿಕಾರ ಅವಳ ಕೆಲಸಕ್ಕಿಲ್ಲ.
ಕುಕ್ಕರಗಾಲಿನಲ್ಲಿ ಕೂತು ಕೇಳುತ್ತಾಳೆ,
ಕಟ್ಟಳೆಯಂತೆ, ಏನನ್ನೂ ತುರುಕದೆ:
"ಯಾವಾಗಿಂದ, ನಾನಾಯ್?"

ಅಮ್ಮ ಸುಮ್ಮನಾಗುತ್ತಾಳೆ. ಹೆಬ್ಬೆರಳಿನಿಂದ ನೀರು ಕಲಕುತ್ತಾಳೆ.
ಈ ಪ್ರಶ್ನೆ ಅವಳಿಗೆ ಹೊಸದು.

"ಬಹುಶಃ," ಅನ್ನುತ್ತಾಳೆ, "ನೀನು ಹೊಟ್ಟೆಯಲ್ಲಿದ್ದಾಗ."

ಜೋವೆಲಿನ್ ಅಕ್ಕಿ ಅಂಗಡಿಯ ಚೀಟಿ ತಿರುಗಿಸಿ
ಅದನ್ನೇ ಬರೆದುಕೊಳ್ಳುತ್ತಾಳೆ,
ಬಹುಶಃ ಸಮೇತ.