ಚಕ್ಕುಬಂದಿ

ಕೈಬರಹ ನಿಮ್ಮದೇನ್ರಿ? ಅಂದ್ರು ಸರಕಾರಿ ವಕೀಲರು.
ನನ್ನದ.
ಆ ‘ಳ’ದ ಬಾಲ ನೋಡ್ರಿ, ಬೀಳಗಿ ತಾಲೂಕಿನ್ಯಾಗ
ಅಷ್ಟುದ್ದ ಎಳಿಯಾಂವ ನಾ ಒಬ್ಬನ.

ಹದಿನಾಕು ವರ್ಷದ ಹಿಂದಿನ ಖರೀದಿ ಪತ್ರ.
ನಿಶಾನೆ ಡಿ-ಮೂರು ಅಂತ ಕೆಂಪು ಶಾಯಿ ಬಿದ್ದೈತಿ ನೆತ್ತಿ ಮ್ಯಾಲೆ.
ಹಾಳಿ ಹಳದಿಯಾಗೈತಿ, ಅಂಕಿ ಮಾತ್ರ ಇನ್ನೂ ಕರ್ರಗ:
ಎಕರೆಕ್ಕ ತೊಂಬತ್ತು ಸಾವಿರ.
ಅಕ್ಷರದಾಗೂ ಬರದೀನಿ, ಯಾರೂ ತಿದ್ದಬಾರದಂತ.

ಅವತ್ತು ರಜಿಸ್ಟ್ರಾರ್ ಕಚೇರಿ ಮುಂದ, ಬೇವಿನ ಗಿಡದ ಬುಡಕ,
ನನ್ನ ಟೇಬಲ್ಲಿನ ಮೋಟಗಾಲಿಗೆ ಇಟ್ಟಂಗಿ ಕೊಟ್ಟಿದ್ದೆ.
ಶಿವಗಂಗವ್ವ ಮೆಟಗುಡ್ಡ ಕೊಡಾಕಿ,
ರಾಜೇಸಾಬ ಗದ್ಯಾಳ ಕೊಳ್ಳಾಂವ.
ಐದೂವರಿ ಲಕ್ಷ ನನ್ನ ಕಣ್ಣೆದುರ ಎಣಿಸಿದ್ರು,
ನೋಟಿಗೆ ಗೋದಿಹಿಟ್ಟಿನ ವಾಸನಿ ಇತ್ತು.
ಎಷ್ಟು ಬರೀಲಿ? ಅಂದೆ.
ಚಾ ಕುಡೀತೀರೇನು ಅಂದಂಗ
ಅದು ದಿನಾ ಕೇಳೂ ಮಾತು.
ಕಡಿಮಿ ಬರದ್ರ ಮುದ್ರಾಂಕ ಉಳೀತದ,
ನನಗ ಮ್ಯಾಲೆ ಇನ್ನೂರು.

ಆಣೆಕಟ್ಟಿನ ನೀರು ಬರತದಂದಾಗ ಸಾಹೇಬರು ಬಂದ್ರು.
ಬಾರಿಗಿಡ ಒಂದು, ಬನ್ನಿ ಎರಡು,
ಬಾವಿ ಮೂವತ್ತೆರಡು ಫೂಟು.
ಬಾವಿಗೆ ರೇಟು ಫೂಟಿನ ಲೆಕ್ಕ,
ನೀರಿಗೆ ಕಾಲಮ್ಮ ಇರಲಿಲ್ಲ.
ಯರಿಮಣ್ಣು ಮಳ್ಯಾಗ ಎತ್ತಿನ ಕಾಲು ಹಿಡಕೊಂಡು
ಬಿಡೂದಿಲ್ಲ, ಮನಿಗೆ ಬಂದ ಮಗಳಂಗ.
ಅದನ್ನ ಬರಿಯೂ ಜಾಗಾನೂ ಇರಲಿಲ್ಲ.
ಆಜೂಬಾಜೂ ಹೊಲ ಏನು ರೇಟಿಗೆ ಹೋಗ್ಯಾವು ಅಂತ
ಹಳೇ ಕಡತ ಬಿಚ್ಚಿದ್ರು.
ನನ್ನ ಬಾಲದ ‘ಳ’ ಸಿಕ್ತು.

ಊರ ಮುನ್ನೂರಾ ಹನ್ನೆರಡು ಎಕರೆ
ಆ ತೊಂಬತ್ತರ ಕೊಳ್ಳಿಗೆ ಜೋತುಬಿತ್ತು.
ರಾಜೇಸಾಬ ನಕ್ಕ:
ಮುದ್ರಾಂಕದಾಗ ಮೂವತ್ತು ಸಾವಿರ ಉಳಿಸಿದ್ನೆಲ್ಲೋ ಮಾರಾಯಾ.
ನಗು ಮುಗಿಸಲಿಲ್ಲ, ಎದ್ದು ಹೋದ.
ಶಿವಗಂಗವ್ವನ ಕಟ್ಟಿ ಮ್ಯಾಲೆ ಎಂಟು ವರ್ಷ ಆತು ಯಾರೂ ಕುಂತಿಲ್ಲ,
ನೀ ಅಷ್ಟಕ್ಕ ಕೊಟ್ಟಿದ್ದಕ್ಕ ನಮ್ಮದೂ ಅಷ್ಟ ಆತು ಅಂತ.
ಆಕಿ ಅಷ್ಟಕ್ಕ ಕೊಟ್ಟಿರಲಿಲ್ಲ.
ಅದು ಗೊತ್ತಿದ್ದಾವರು ಮೂರು ಮಂದಿ.

ರೈತರ ವಕೀಲರು, ಕೌಜಲಗಿಯವರ ಹುಡುಗಿ, ಎದ್ದು ಕೇಳಿದ್ಲು:
ಖರೇ ಎಷ್ಟು ಕೊಟ್ಟಿದ್ರು?
ಬರದದ್ದರ ಮುಂದ ಬಾಯಿಮಾತು ನಡಿಯೂದಿಲ್ಲ ಅಂದ್ರು ಇವರು.
ಫ್ಯಾನು ಕಟಕಟ ಅಂತಿತ್ತು.
ಹಾಳಿ ಪೂರಾ ಓದ್ರಿ, ಅಂದ್ರು ಜಜ್ಜ ಸಾಹೇಬರು.

ಓದಿದೆ.
ಪೂರ್ವಕ್ಕ, ಬಾಳಪ್ಪ ಕುರಿಯವರ ಹೊಲ.
ಪಶ್ಚಿಮಕ್ಕ, ಬಂಡಿದಾರಿ.
ದಕ್ಷಿಣಕ್ಕ, ಕುಂಬಾರರ ಹಳೇ ಆವಿಗಿ.
ಉತ್ತರಕ್ಕ, ಹೊಳಿ.
ಉತಾರ ನಂಬದ ಸೈಕಲ್ ಮ್ಯಾಲೆ ಹೋಗಿ
ಕಣ್ಣಾರೆ ನೋಡಿ ಬರದಿದ್ದೆ.
ಈಗ ಪೂರ್ವಕ್ಕೂ ಹೊಳಿ, ಪಶ್ಚಿಮಕ್ಕೂ ಹೊಳಿ,
ಆವಿಗಿ ಮ್ಯಾಲೆ ಮೀನದ ಬಲಿ.
ಖರೇ ಬರದ ನಾಕು ಸಾಲು ಸುಳ್ಳಾದ್ವು.
ಸುಳ್ಳು ಬರದ ಒಂದ ಸಾಲು
ಸರಕಾರಿ ಶಿಕ್ಕಾ ಹೊತ್ತು ಕುಂತೈತಿ.

ಐದೂವರಿ ಲಕ್ಷ, ಅಂದೆ.
ಟೈಪು ಮಾಡೂ ಹುಡುಗನ ಬೆರಳು ನಿಂತ್ವು.
ಲೈಸನ್ಸು ಹೋಗತದ, ಗೊತ್ತೇನ್ರಿ? ಅಂದ್ರು ಸರಕಾರಿ ವಕೀಲರು.
ಗೊತ್ತೈತ್ರಿ.
ಹಿಂದಿನ ಬಾಕಿನ ಮ್ಯಾಲೆ ಯಾರೋ ಕೆಮ್ಮಿದ್ರು.
ನನ್ನ ಮಾತು ಕಡತದಾಗ ಹೋತೋ ಇಲ್ಲೋ
ನನಗಿನ್ನೂ ಗೊತ್ತಿಲ್ಲ.
ಮುಂದಿನ ತಾರೀಖು ಶ್ರಾವಣ ಮುಗದ ಮ್ಯಾಲೆ.

ಬಸ್‌ಸ್ಟ್ಯಾಂಡಿನ್ಯಾಗ ಶಿವಗಂಗವ್ವ ಬಾಜೂಕ ಬಂದು ನಿಂತ್ಲು.
ಉಪಕಾರ ಅನ್ನಲಿಲ್ಲ, ಬೈಯಲಿಲ್ಲ.
ಉತ್ತರಕ್ಕ ಹೊಳಿ ಅಂತ ಓದಿದ್ಯೆಲ್ಲಪಾ,
ಎಷ್ಟು ಮಾರು ದೂರ ಅಂತ ಬರದಿದ್ದಿಲ್ಲೇನು?

ಇಲ್ಲವ್ವ.
ಚಕ್ಕುಬಂದ್ಯಾಗ ದೂರ ಬರಿಯೂದಿಲ್ಲ.