ಮುರಿಯುವ ಸದ್ದು

ಆ ಜಾಡಿಯ ನೀಲಿ ನೀರು ಶರಬತ್ತಲ್ಲ,
ಮಗುವಿನ ಕೈ ಹಿಡಿದುಕೊಳ್ಳಿ.
ಬಾಚಣಿಗೆ ಮುಳುಗಿದೆ, ಕತ್ತರಿ ಮುಳುಗಿದೆ,
ಇನ್ನೂ ಆರು ನಿಮಿಷ ಬೇಕು.
ಅವಸರವಿದ್ದರೆ ಸೇತುವೆಯಾಚೆ ಫತ್ಹಿಯ ಅಂಗಡಿಯಿದೆ,
ಅಲ್ಲಿ ಬಾಚಣಿಗೆ ಒಂದು ತಲೆಯಿಂದ ಇನ್ನೊಂದು ತಲೆಗೆ
ಸುದ್ದಿಯ ಹಾಗೆ ಓಡಾಡುತ್ತದೆ.

ಕೂತಿರಾ? ಸರಿ. ಚಹಾ ಬರುತ್ತದೆ.

ಈ ಕುರ್ಚಿ ಅಪ್ಪನದು.
ಉಸ್ತಾ ಶಿಹಾತ ಅಂದರೆ ಮನ್ಸೂರದ ಈ ಓಣಿಗೆ
ಕ್ಷೌರದವನು, ಹಲ್ಲು ಕೀಳುವವನು,
ಹುಡುಗರ ಸುನ್ನತಿಗೂ ಅವನೇ.
ಎಲ್ಲಕ್ಕೂ ಒಂದು ಕತ್ತಿ, ಎಮ್ಮೆಕೊಂಬಿನ ಹಿಡಿ.
ಚರ್ಮದ ಪಟ್ಟಿಗೆ ಎರಡು ಸಲ ತೀಡಿ
ಹೆಗಲ ಟವೆಲಿಗೆ ಒರೆಸಿ
ಮುಂದಿನ ಗಲ್ಲಕ್ಕೆ.
ಶುಕ್ರವಾರ ನಮಾಜಿಗೆ ಮುಂಚೆ ಮೂವತ್ತು ಗಲ್ಲ,
ನೈಲಿನ ಕಡೆಯಿಂದ ಗಾಳಿ ಬಂದರೆ
ಓಣಿಯೆಲ್ಲ ಸೋಪಿನ ವಾಸನೆ.

ಕಾಮಾಲೆ ಕಣ್ಣಿಗೆ ಲೋಕವೆಲ್ಲ ಹಳದಿ ಅನ್ನುವುದುಂಟು.
ನಮ್ಮಲ್ಲಿ ಲೋಕ ಇದ್ದ ಹಾಗೇ ಇತ್ತು,
ಹಳದಿಯಾದದ್ದು ಕಣ್ಣು.
ಮೊದಲು ಕಂಚುಗಾರ ಲುತ್ಫಿ,
ಆಮೇಲೆ ಮೀನಂಗಡಿಯ ಗಿರ್ಗಿಸ್,
ಹೊಟ್ಟೆಗೆ ನೀರಿಳಿದು ಮಗ್ಗುಲು ಬದಲಿಸಲಾರದೆ ಹೋದರು.
ಐದನೆಯವನು ಅಪ್ಪ.
ಹಿಂದೆ ಊರೂರಿಗೆ ಬರುತ್ತಿದ್ದ
ಅರೆಬರೆ ಕುದಿಸಿದ ಸೂಜಿಯಿಂದ ಅಂದರು ಕೆಲವರು.
ಕತ್ತಿಯಿಂದ ಅಂತ ಯಾರೂ ಅನ್ನಲಿಲ್ಲ.
ನನ್ನೆದುರಿಗೆ ಯಾರೂ ಅನ್ನಲಿಲ್ಲ.

ಅದು ಆ ಕೆಳಗಿನ ಡ್ರಾಯರಿನಲ್ಲಿದೆ.
ತೆಗೆಯುವುದಿಲ್ಲ. ಎಸೆಯಲೂ ಕೈ ಬಂದಿಲ್ಲ.

ನನ್ನ ಕ್ರಮ ಇಷ್ಟು:
ಕಾಗದದಲ್ಲಿ ಸುತ್ತಿದ ಹೊಸ ಬ್ಲೇಡು,
ಗಿರಾಕಿಯ ಕಣ್ಣೆದುರೇ ಬಿಚ್ಚಿ, ಬಗ್ಗಿಸಿ,
ಚಿಟ್ ಅಂತ ಎರಡು ತುಂಡು.
ಒಂದು ಗಡ್ಡಕ್ಕೆ, ಒಂದು ಕುತ್ತಿಗೆಗೆ,
ಆಮೇಲೆ ಎರಡೂ ತಗಡಿನ ಡಬ್ಬಿಗೆ.

ಕಣ್ಣೆದುರೇ ಅಂದೆ.
ಬಯೂಮಿಯಜ್ಜನಿಗೆ ಕಣ್ಣಿಲ್ಲ.
ಊದ್ ವಾದ್ಯಕ್ಕೆ ತಂತಿ ಬಿಗಿಯುವ ಮನುಷ್ಯ,
ಕಿವಿಯ ಹತ್ತಿರ ಮುರಿಯೋ, ಅನ್ನುತ್ತಾನೆ.
ಮುರಿಯುತ್ತೇನೆ. ತಲೆಯಾಡಿಸಿ ಹಿಂದಕ್ಕೆ ಒರಗುತ್ತಾನೆ.

ಹೋದ ಹಬ್ಬದ ಹಿಂದಿನ ರಾತ್ರಿ
ಬಾಗಿಲಾಚೆಗೂ ಜನ. ಹೊಸ ಬ್ಲೇಡು ಮುಗಿದಿತ್ತು.
ಕೈಯಲ್ಲಿದ್ದದ್ದನ್ನೇ ಕಲೋನ್ ಹಾಕಿ ಒರೆಸಿ
ಹಳೆಯ ಕಾಗದವೊಂದನ್ನು ಅಜ್ಜನ ಕಿವಿಯ ಬಳಿ
ಪರಪರ ಅನ್ನಿಸಿದೆ.

ಅಜ್ಜ ಅಂದ:
ಕಾಗದ ಮಾತಾಡಿತು. ಉಕ್ಕು ಯಾಕೋ ಮಾತಾಡಲಿಲ್ಲ.

ಎದ್ದ. ಮುಖದ ತುಂಬ ನೊರೆ, ಕೊರಳಿಗೆ ಬಿಳಿ ಬಟ್ಟೆ,
ಗೋಡೆ ಸವರುತ್ತ ಹೊರಗೆ ಹೋಗಿ
ಜಗಲಿಯ ಮೇಲೆ ಕೂತ.
ಮಕ್ಕಳು ನಕ್ಕವು. ಯಾರೋ ಯಾಕಜ್ಜ ಅಂದರು.
ಸೆಖೆ ಅಂದ.
ನನ್ನ ಹೆಸರು ಎತ್ತಲಿಲ್ಲ.

ಓಡಿದೆ. ನಾಲ್ಕನೆಯ ಅಂಗಡಿಯಲ್ಲಿ ಸಿಕ್ಕಿತು ಪೊಟ್ಟಣ.
ಬರುವಷ್ಟರಲ್ಲಿ ನೊರೆ ಒಣಗಿ
ಸುಣ್ಣ ಬಿರಿದ ಗೋಡೆಯಂತಾಗಿತ್ತು ಮುಖ.
ಅಲ್ಲೇ, ಜಗಲಿಯ ಮೇಲೆ, ಕಿವಿಯ ಪಕ್ಕ
ಮುರಿದೆ.
ಹ್ಞಾ, ಈಗ ಶ್ರುತಿ ಸೇರಿತು, ಅಂದ.

ನಡೆದದ್ದು ಇಷ್ಟೇ ಆಗಿದ್ದರೆ
ನಗುತ್ತ ಹೇಳುತ್ತಿದ್ದೆ ನಿಮಗೆ.
ಅಂದು ಅಜ್ಜನಿಗಿಂತ ಮುಂಚೆ ಮೂವರು ಕೂತಿದ್ದರು
ಇದೇ ಕುರ್ಚಿಯಲ್ಲಿ, ಅದೇ ಬ್ಲೇಡಿಗೆ.
ಮೂವರೂ ಕಣ್ಣಿದ್ದವರು,
ಕನ್ನಡಿಯಲ್ಲಿ ತಮ್ಮನ್ನೇ ನೋಡಿಕೊಳ್ಳುತ್ತಿದ್ದರು.
ಅವರಿಗೆ ನಾನಿನ್ನೂ ಹೇಳಿಲ್ಲ.
ಎದುರು ಸಿಕ್ಕರೆ ಸಲಾಮಿಗೂ ಮೊದಲು
ಅವರ ಕಣ್ಣಿನ ಬಿಳಿ ನೋಡುತ್ತೇನೆ.

ಆರು ನಿಮಿಷ ಆಯಿತು.
ಬನ್ನಿ, ಗಲ್ಲ ಮೇಲಕ್ಕೆ.
ಇಗೋ ಬ್ಲೇಡು. ಬೇಡ, ನೋಡಬೇಡಿ.
ಒಂದು ಗಳಿಗೆ ಕಣ್ಣು ಮುಚ್ಚಿ.