ನೋಡಿಕೊಳ್ಳಿ

ಕುಂಬಳೆಯಲ್ಲಿ ಐದೂಮುಕ್ಕಾಲರ ರೈಲು ಹತ್ತಿದೆ,
ತಲಶ್ಶೇರಿಯ ವಿಜಿಲೆನ್ಸ್ ಕೋರ್ಟಿಗೆ. ದುಭಾಷಿ ನಾನು.
ಮೂವತ್ತೊಂದು ವರ್ಷ ಕನ್ನಡ ಕಲಿಸಿದವನು, ಇವತ್ತು
ಬಾಯಾರಿನ ಚನಿಯಪ್ಪ ಮೂಲ್ಯನ ಬಾಯಿ.

ಎದುರು ಸೀಟಿನಲ್ಲಿ ಅವನೇ,
ಇಸ್ತ್ರಿಯ ಅಂಗಿ, ಮಡಿಲಲ್ಲಿ ಜವಳಿ ಅಂಗಡಿಯ ಚೀಲ.
ಚಂದ್ರಗಿರಿ ಹೊಳೆಯ ಮೇಲೆ ಕೇಳಿದ:
‘ಮಾಸ್ಟ್ರೇ, ಹಣ ಕೊಟ್ಟದ್ದು ನಾನಲ್ಲವಾ,
ನನ್ನನ್ನೇ ಒಳಗೆ ಹಾಕಿದರೆ?’
ಇಲ್ಲ ಮಾರಾಯ, ಎಂದೆ.
ಸೇತುವೆ ಮುಗಿಯುವವರೆಗೂ ಅವನು ನಂಬಲಿಲ್ಲ.

ಕೇಸಿಗೆ ಎಂಟು ವರ್ಷ.
ಹದಿನಾಲ್ಕು ಸೆಂಟು ಜಾಗದ ಪೋಕುವರವು.
ಐನೂರರ ನಾಲ್ಕು ನೋಟು, ನಂಬರು ಬರೆದು,
ಬಿಳಿ ಪುಡಿ ಸವರಿ, ಕಿಸೆಗೆ ಇಳಿಸಿ,
‘ಕೇಳಿದರೆ ಮಾತ್ರ ಕೊಡು’ ಎಂದು ಎರಡೆರಡು ಸಲ ಹೇಳಿ ಕಳಿಸಿದ್ದರು.
ವಿಲ್ಲೇಜ್ ಆಫೀಸರರ ಬೆರಳು ಅದ್ದಿದಾಗ
ಸೋಡಾ ನೀರು ಗುಲಾಬಿಯಾಯಿತಂತೆ.
ಆ ಬಾಟ್ಲಿ ಇವತ್ತು ಮೇಜಿನ ಮೇಲಿತ್ತು,
ಅರಗಿನ ಮುದ್ರೆ, ಮೂರು ಸಹಿ,
ಒಳಗೆ ಗಂಜಿ ತಿಳಿಯಂಥದ್ದೇನೋ.
ಕೆಮಿಸ್ಟರ ವರದಿ ಉಂಟು; ಆದ್ದರಿಂದ ಅದು ಗುಲಾಬಿಯೇ.

ಎದುರು ವಕೀಲರು ಬಾಟ್ಲಿಯನ್ನು ನೋಡಲೂ ಇಲ್ಲ.
ಹಣ ಸಿಕ್ಕಿತೇ? ಸಿಗಲಿ.
ಕೇಳಿದ್ದು ಎಲ್ಲಿ? ಕೇಳಿದ ಮಾತು ಯಾವುದು?
ಅದು ರುಜುವಾಗದೆ ಪುಡಿಗೇನು ಬೆಲೆ?
ಚನಿಯಪ್ಪ ಕಟಕಟೆಯ ಮರ ಹಿಡಿದು
ಮಣ್ಣು ಹದ ಮಾಡುವವನ ನಿಧಾನದಲ್ಲಿ ಹೇಳಿದ:
‘ಫೈಲು ರೆಡಿ ಉಂಟು, ಸ್ವಲ್ಪ ನೋಡಿಕೊಳ್ಳಿ ಅಂದರು.’

ಇಡೀ ಕೋರ್ಟು ನನ್ನ ಕಡೆ ತಿರುಗಿತು.

ನೋಡಿಕೊಳ್ಳಿ.
ಗಬ್ಬದ ಹಸುವನ್ನು ನೋಡಿಕೊಳ್ಳಬಹುದು,
ಒಲೆಯ ಮೇಲಿನ ಹಾಲನ್ನು, ಜ್ವರದ ಮಗುವನ್ನು.
ಹಲ್ಲು ಕಚ್ಚಿ ಹೇಳಿದರೆ ಬೆದರಿಕೆ.
ಏಳನೇ ಕ್ಲಾಸಿಗೆ ನಾನೇ ಬೋರ್ಡಿನ ಮೇಲೆ ಬಿಡಿಸಿದ್ದೇನೆ:
ನೋಡಿ, ಕೊಳ್ಳಿ. ಕೊಳ್ಳುವುದು ಅಂದರೆ ತನಗೆಂದು ತೆಗೆದುಕೊಳ್ಳುವುದು,
ತೆಗೆದುಕೊಳ್ಳುವವನು ಮಾತು ಕೇಳಿಸಿಕೊಂಡವನು.
ಆಫೀಸಿನ ಮೇಜಿಗೆ ಬಂದರೆ ಮಾತ್ರ
ಕ್ರಿಯಾಪದ ಆಚೆ ಬದಿಗೆ ಹೋಗಿ ಕೂರುತ್ತದೆ.

ಮಲಯಾಳದಲ್ಲೂ ಇದೇ ಮಾತುಂಟು, ಬೇಲಿಯಾಚೆಯ ದಾಯಾದಿ:
ನೋಕ್ಕಿಕ್ಕೊಳ್ಳಣಂ.
ಹಾಗೆಂದರೆ ಪದ ಉಳಿಯುತ್ತದೆ, ಎರಡು ಸಾವಿರ ಉದುರಿಹೋಗುತ್ತದೆ.
ಕಾಣಣಂ ಎಂದರೆ ಎರಡು ಸಾವಿರ ಬರುತ್ತದೆ,
ಆದರೆ ಚನಿಯಪ್ಪ ಹೇಳದ ಪದ ಅವನ ಬಾಯಲ್ಲಿ ಸಿಕ್ಕಿಬೀಳುತ್ತದೆ.
ಇದ್ದದ್ದನ್ನು ಇದ್ದ ಹಾಗೆ ಎಂದು
ಬೆಳಿಗ್ಗೆಯಷ್ಟೇ ಪ್ರಮಾಣ ಮಾಡಿದ್ದೆ.

ನೋಕ್ಕಿಕ್ಕೊಳ್ಳಣಂ, ಎಂದೆ.

‘ಜಾಗ್ರತೆ ಮಾಡಿ ಎಂಬ ಅರ್ಥ ಇದಕ್ಕಿಲ್ಲವೇ ಮಾಷೆ?’
ಉಂಟು.
‘ಹಣ ಎಂಬ ಅರ್ಥ ಯಾವ ನಿಘಂಟಿನಲ್ಲುಂಟು?’
ಯಾವುದರಲ್ಲೂ ಇಲ್ಲ.
ನ್ಯಾಯಾಧೀಶರು ಬರೆದುಕೊಂಡರು, ಇಂಗ್ಲಿಷಿನಲ್ಲಿ.

ಯಾರೂ ಕೇಳಲಿಲ್ಲ,
ನನ್ನ ಪೆನ್ಷನ್ನಿನ ಕಾಗದ ಕಪಾಟಿನಲ್ಲಿದ್ದ ಆ ಮೇ ತಿಂಗಳು
ಗುಮಾಸ್ತನೊಬ್ಬ ಫ್ಯಾನಿನ ಸದ್ದಿನ ಮಧ್ಯೆ ಇದೇ ಮಾತು ಹೇಳಿದ್ದು,
ದುಭಾಷಿಯಿಲ್ಲದೆ ನನಗೆ ತಿಳಿದದ್ದು,
ಮರುದಿನ ಹಾಜರಿ ಪುಸ್ತಕದ ಅಡಿಗೆ
ಲಕೋಟೆಯೊಂದು ಸರಿದದ್ದು.
ದುಭಾಷಿ ತನ್ನ ಸಾಕ್ಷಿ ಹೇಳುವಂತಿಲ್ಲ.
ಎಂಥ ದಯೆಯ ಕಾನೂನು.

ಭತ್ತೆಗೆ ಸಹಿ ಹಾಕಿದೆ. ಮುಂದಿನ ವಾಯಿದೆ ಹದಿನೇಳಕ್ಕೆ.
ಸಂಜೆಯ ಪ್ಯಾಸೆಂಜರಿನಲ್ಲಿ ಪಯ್ಯನ್ನೂರಿನವರೆಗೆ
ನಾವಿಬ್ಬರೂ ಮಾತಾಡಲಿಲ್ಲ. ಆಮೇಲೆ ಅವನು:
‘ನಾನು ಹೇಳಿದ್ದು ಅವರಿಗೆ ಮುಟ್ಟಿತಾ?’
ಪದ ಮುಟ್ಟಿದೆ, ಎಂದೆ.
ಅವನು ತಲೆಯಾಡಿಸಿದ, ಸಮಾಧಾನವಾದವನ ಹಾಗೆ.

ಕಾಞಂಗಾಡಿನಲ್ಲಿ ರೈಲು ನಿಂತಿತು.
ಚಾ ತರುತ್ತೇನೆಂದು ಎದ್ದವನು
ಚೀಲವನ್ನು ನನ್ನ ಕಡೆ ಸರಿಸಿದ,
ಒಳಗೆ ಎಂಟು ವರ್ಷದ ತೀರ್ವೆ ರಸೀದಿ, ಒಂದು ಟವೆಲು.
‘ಮಾಸ್ಟ್ರೇ,’ ಎಂದ, ‘ಇದನ್ನೊಂದು ಸ್ವಲ್ಪ ನೋಡಿಕೊಳ್ಳಿ.’

ಎರಡೂ ಕೈಯಲ್ಲಿ ಹಿಡಿದು ಕೂತೆ.